ಮಂಜುಗಡ್ಡೆಯ ಹಾದಿಯಲ್ಲಿ ಬಂದ ತೋಳಗಳು

ಮಲಯಾಳದಲ್ಲಿ ‘ಚೆನ್ನಾಯ’ ಎಂದರೆ ತೋಳ. ಕನ್ನಡದಲ್ಲಿ ‘ಕೆನ್ನಾಯಿ’ ಎಂದರೆ ತೋಳವಲ್ಲ, ಹಿಂಡುಕಟ್ಟಿ ಬೇಟೆಯಾಡುವ ಸೀಳುನಾಯಿ. ಕನ್ನಡದ ‘ಕಿವಿ’ ಮಲಯಾಳದಲ್ಲಿ ‘ಚೆವಿ’ ಆಗುವಂತೆ ಇಲ್ಲಿಯೂ ಕಕಾರ ಚಕಾರವಾಗಿದೆ. ಪದ ಒಂದೇ, ಪ್ರಾಣಿ ಮಾತ್ರ ಬೇರೆ. ಘಟ್ಟದ ತಪ್ಪಲಿನ ನಮ್ಮ ಮಳೆನಾಡು ತೋಳದ ನೆಲೆಯಲ್ಲ. ಅದು ಬಯಲುಸೀಮೆಯ ಹುಲ್ಲುಗಾವಲು, ಕುರುಚಲು ಕಾಡುಗಳ ಪ್ರಾಣಿ. ಆದ್ದರಿಂದ ನಮ್ಮಲ್ಲಿ ಹೆಚ್ಚಿನವರಿಗೆ ತೋಳದ ಪರಿಚಯವಾಗುವುದು ‘ತೋಳ ಬಂತು ತೋಳ’ ಎಂದು ಸುಳ್ಳು ಕೂಗಿದ ಕುರಿಕಾಯುವ ಹುಡುಗನ ಕತೆಯಿಂದ. ಆ ಕತೆಯಲ್ಲಿ ತೋಳಕ್ಕಿರುವುದು ಒಂದೇ ಕೆಲಸ: ಬರುವುದು, ಕುರಿ ತಿನ್ನುವುದು. ಕಾಡಿನಲ್ಲಿ ಅದು ನಿಜವಾಗಿ ಮಾಡುವ ಕೆಲಸವೇನು ಎಂಬುದನ್ನು ಅರಿಯಬೇಕಾದರೆ ಉತ್ತರ ಅಮೆರಿಕದ ಒಂದು ದ್ವೀಪದ ಚರಿತ್ರೆಯನ್ನು ನೋಡುವುದು ಒಳ್ಳೆಯದು. ಒಂದು ಬೇಟೆಪ್ರಾಣಿ ಮತ್ತು ಅದರ ಆಹಾರಪ್ರಾಣಿ, ಇವೆರಡನ್ನು ಒಂದೇ ಜಾಗದಲ್ಲಿ ಇಷ್ಟು ದೀರ್ಘಕಾಲ ಬಿಡದೆ ಎಣಿಸಿದ ಇನ್ನೊಂದು ನಿದರ್ಶನವಿಲ್ಲ.

ಮೊದಲು ಹಿನ್ನೆಲೆ. ಯುರೋಪಿನಿಂದ ಹೋಗಿ ಅಮೆರಿಕದಲ್ಲಿ ನೆಲೆಸಿದವರು ದನಕುರಿಗಳ ಜತೆಗೆ ತೋಳದ ಮೇಲಿನ ದ್ವೇಷವನ್ನೂ ಒಯ್ದರು. ತೋಳ ಕೊಂದವರಿಗೆ ಇನಾಮು ಕೊಡುವ ಪದ್ಧತಿ ಮ್ಯಾಸಚೂಸೆಟ್ಸ್ ವಸಾಹತಿನಲ್ಲಿ 1630ರಲ್ಲಿಯೇ ಆರಂಭವಾಯಿತು. ಮಿಷಿಗನ್ ಪ್ರಾಂತದಲ್ಲಿ 1838ರಲ್ಲಿ ತೊಡಗಿದ ಇನಾಮು 1960ರಲ್ಲಿ ರದ್ದಾಗುವ ಹೊತ್ತಿಗೆ ಅಲ್ಲಿ ಕೊಲ್ಲಲು ತೋಳಗಳೇ ಹೆಚ್ಚುಕಡಿಮೆ ಉಳಿದಿರಲಿಲ್ಲ. 1915ರಿಂದ ಕೇಂದ್ರ ಸರಕಾರವೂ ಈ ಕೆಲಸಕ್ಕೆ ಹಣ ಒದಗಿಸಿ ಬೇಟೆಗಾರರನ್ನು ನೇಮಿಸಿತು. ಬಂದೂಕು, ಬೋನು, ವಿಷ, ಎಲ್ಲವೂ ಬಳಕೆಗೆ ಬಂದವು. ಯೆಲ್ಲೋಸ್ಟೋನ್ ರಾಷ್ಟ್ರೀಯ ಉದ್ಯಾನದಲ್ಲಿಯೂ 1926ರ ವೇಳೆಗೆ ತೋಳದ ಸಂತತಿ ಅಳಿಯಿತು. 1974ರಲ್ಲಿ ಕಾನೂನಿನ ರಕ್ಷಣೆ ದೊರೆತಾಗ ಅಲಾಸ್ಕವನ್ನು ಬಿಟ್ಟರೆ ಆ ವಿಶಾಲ ದೇಶದಲ್ಲಿ ತೋಳದ ಹಿಂಡುಗಳು ಉಳಿದಿದ್ದುದು ಎರಡೇ ಕಡೆ. ಒಂದು, ಮಿನೆಸೋಟದ ಉತ್ತರದ ಕಾಡು. ಇನ್ನೊಂದು ನಾವು ಹೇಳಹೊರಟಿರುವ ದ್ವೀಪ.

ಅದರ ಹೆಸರು ಐಲ್ ರಾಯಲ್. ಅಮೆರಿಕ ಮತ್ತು ಕೆನಡಾಗಳ ಗಡಿಯಲ್ಲಿ ಸಮುದ್ರದಂತೆ ಹರಡಿರುವ ಸುಪೀರಿಯರ್ ಸರೋವರದ ನಡುವೆ, ಸುಮಾರು 72 ಕಿಲೋಮೀಟರ್ ಉದ್ದ, 14 ಕಿಲೋಮೀಟರ್ ಅಗಲಕ್ಕೆ ಚಾಚಿರುವ ಕಾಡುದ್ವೀಪ. ಅತಿ ಹತ್ತಿರದ ದಡ ಇಪ್ಪತ್ತು ಕಿಲೋಮೀಟರಿಗೂ ಆಚೆ. ಸಾವಿರಾರು ವರ್ಷಗಳಿಂದ ಜನ ಇಲ್ಲಿ ತಾಮ್ರ ತೆಗೆದಿದ್ದಾರೆ. ಹತ್ತೊಂಬತ್ತನೆಯ ಶತಮಾನದಲ್ಲಿ ಗಣಿ ಕಂಪೆನಿಗಳೂ ಬಂದು ಅಗೆದು ಹೋದವು. 1940ರಲ್ಲಿ ಇದು ರಾಷ್ಟ್ರೀಯ ಉದ್ಯಾನವಾಯಿತು. ಸುತ್ತಲಿನ ಮೂಲನಿವಾಸಿಗಳಾದ ಓಜಿಬ್ವೆ ಜನ ಇದನ್ನು ಮಿನಾಂಗ್ ಎನ್ನುತ್ತಾರೆ. ತೋಳವನ್ನು ಅವರು ಮೊದಲ ಮನುಷ್ಯನ ಸಹೋದರನೆಂದು ಭಾವಿಸುತ್ತಾರೆ. ಒಬ್ಬರಿಗೆ ಒದಗಿದ ಗತಿ ಇನ್ನೊಬ್ಬರಿಗೂ ಒದಗುತ್ತದೆ ಎಂಬುದು ಅವರ ಪರಂಪರೆಯ ನಂಬಿಕೆ. ಒಂದೇ ನೆಲದಲ್ಲಿ ಒಂದೇ ಪ್ರಾಣಿಯನ್ನು ಕುರಿತು ಎರಡು ಜನಾಂಗಗಳು ಎಷ್ಟು ಭಿನ್ನವಾಗಿ ಯೋಚಿಸಿದವು ಎಂಬುದು ಗಮನಿಸತಕ್ಕ ಸಂಗತಿ.

ದ್ವೀಪದಲ್ಲಿ ಮೊದಲು ತೋಳವೂ ಇರಲಿಲ್ಲ, ಮೂಸ್ ಕೂಡ ಇರಲಿಲ್ಲ. ಮೂಸ್ ಎಂಬುದು ಜಿಂಕೆಯ ಕುಲದಲ್ಲೆಲ್ಲ ದೊಡ್ಡ ಪ್ರಾಣಿ. ನಮ್ಮ ಕಡವೆ ಅದರ ಪಕ್ಕದಲ್ಲಿ ಸಣ್ಣದಾಗಿ ಕಾಣುತ್ತದೆ. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಅದು ದ್ವೀಪವನ್ನು ಸೇರಿತು. ತಿನ್ನುವವರಿಲ್ಲದ ಕಡೆ ಸಂಖ್ಯೆ ಬೆಳೆಯುತ್ತ ಹೋಗಿ 1930ರ ಸುಮಾರಿಗೆ ಸಾವಿರಗಳನ್ನು ಮುಟ್ಟಿತು. ಆಗ ದ್ವೀಪವನ್ನು ಅಧ್ಯಯನ ಮಾಡಿದ ಅಡಾಲ್ಫ್ ಮ್ಯೂರಿ ಎಂಬ ವಿಜ್ಞಾನಿ, ಕಾಡಿನ ಮೇವು ತೀರುತ್ತಿದೆ, ಮೂಸ್‌ಗಳು ಹಸಿವಿನಿಂದ ಸಾಯಲಿವೆ ಎಂದು ಎಚ್ಚರಿಸಿದರು. ಕೆಲವೇ ವರ್ಷಗಳಲ್ಲಿ ಹಾಗೆಯೇ ಆಯಿತು. 1936ರ ಕಾಡ್ಗಿಚ್ಚಿನ ಅನಂತರ ಎಳೆಯ ಗಿಡಗಳು ಚಿಗುರಿ ಮೂಸ್‌ಗಳು ಮತ್ತೆ ಹೆಚ್ಚಿದವು.

ಈ ಹಂತದಲ್ಲಿ ತೋಳ ಬಂತು. 1940ರ ದಶಕದ ಕೊನೆಯಲ್ಲಿ, ಸರೋವರ ಹೆಪ್ಪುಗಟ್ಟಿದ್ದ ಒಂದು ಚಳಿಗಾಲ, ಕೆಲವು ತೋಳಗಳು ಮಂಜುಗಡ್ಡೆಯ ಮೇಲೆ ನಡೆದು ದ್ವೀಪವನ್ನು ಸೇರಿದವು. ಅವುಗಳಲ್ಲಿ ಸಂತತಿ ಉಳಿಸಿದ ಹೆಣ್ಣು ಒಂದೇ ಎಂಬುದು ಮುಂದೆ ವಂಶವಾಹಿಗಳ ಪರೀಕ್ಷೆಯಿಂದ ತಿಳಿದುಬಂತು. 1958ರಲ್ಲಿ ಪರ್ಡ್ಯೂ ವಿಶ್ವವಿದ್ಯಾನಿಲಯದ ಡರ್ವರ್ಡ್ ಅಲೆನ್ ಇಲ್ಲಿ ಅಧ್ಯಯನವನ್ನು ಆರಂಭಿಸಿದರು. ಅವರ ಶಿಷ್ಯ ಡೇವಿಡ್ ಮೀಚ್, 1970ರಿಂದ ರಾಲ್ಫ್ ಪೀಟರ್ಸನ್, ಅನಂತರ ಜಾನ್ ವುಸೆಟಿಚ್ ಅದನ್ನು ಮುಂದುವರಿಸಿದರು. ಚಳಿಗಾಲದಲ್ಲಿ ಸಣ್ಣ ವಿಮಾನದಿಂದ ಹಿಮದ ಮೇಲಿನ ಹೆಜ್ಜೆ ನೋಡಿ ತೋಳಗಳನ್ನು ಎಣಿಸುವುದು, ಬೇಸಗೆಯಲ್ಲಿ ಕಾಡು ಸುತ್ತಿ ಸತ್ತ ಮೂಸ್‌ಗಳ ಎಲುಬು, ಹಲ್ಲು ಹೆಕ್ಕುವುದು: ಇದು ಅವರ ಕ್ರಮ.

ಈ ಎಲುಬುಗಳು ಹೇಳಿದ ಕತೆ ಮಹತ್ವದ್ದು. ತೋಳ ಕೈಗೆ ಸಿಕ್ಕಿದ್ದನ್ನೆಲ್ಲ ಕೊಲ್ಲುವುದಿಲ್ಲ, ಕೊಲ್ಲಲಾರದು. ಎದುರು ನಿಂತ ಗಟ್ಟಿಮುಟ್ಟಾದ ಮೂಸ್‌ನ ಒಂದು ಒದೆತ ತೋಳದ ಪ್ರಾಣ ತೆಗೆಯಬಲ್ಲದು. ಹತ್ತು ಮೂಸ್‌ಗಳನ್ನು ಕೆಣಕಿ ನೋಡಿದರೆ ಒಂದು ಸಿಗುವುದೂ ಕಷ್ಟ. ಸಿಗುವವು ಹೆಚ್ಚಾಗಿ ಎಳೆಯ ಕರುಗಳು, ಮುದಿಯಾದವು, ಕೀಲುರೋಗದಿಂದ ಕುಂಟುವವು. ಇನ್ನೊಂದು ಸಾಕ್ಷ್ಯ ಮರಗಳಲ್ಲಿ ದೊರೆಯಿತು. ಚಳಿಗಾಲದಲ್ಲಿ ಮೂಸ್‌ಗಳ ಮುಖ್ಯ ಮೇವು ಬಾಲ್ಸಮ್ ಫರ್ ಎಂಬ ಮರ. ಅದರ ಕಾಂಡದೊಳಗಿನ ವರ್ಷಬಳೆಗಳನ್ನು ಅಳೆದ ಪೀಟರ್ಸನ್ ಮತ್ತು ಸಂಗಡಿಗರು 1994ರಲ್ಲಿ ಒಂದು ಹೊಂದಿಕೆಯನ್ನು ತೋರಿಸಿದರು. ತೋಳಗಳು ಕಡಮೆಯಾದಾಗ ಮೂಸ್ ಹೆಚ್ಚುತ್ತದೆ, ಆಗ ಫರ್ ಮರದ ಬಳೆ ಕಿರಿದಾಗುತ್ತದೆ. ಎಲೆ ತಿನ್ನದ ತೋಳ ಮರದ ಬೆಳವಣಿಗೆಯಲ್ಲಿ ಹೀಗೆ ಗುರುತು ಬಿಡುತ್ತದೆ. ಕತೆಯ ತೋಳಕ್ಕೆ ಇಲ್ಲದ ಕೆಲಸ ಇದು.

ಹಾಗೆಂದು ದ್ವೀಪದಲ್ಲಿ ತಕ್ಕಡಿಯಂತೆ ಸಮತೋಲನ ನೆಲೆಸಿತು ಎಂದು ತಿಳಿಯಬಾರದು. 1980ರಲ್ಲಿ 50 ಇದ್ದ ತೋಳಗಳು 1982ರ ಹೊತ್ತಿಗೆ 14ಕ್ಕೆ ಇಳಿದವು. ಕಾರಣ ಪಾರ್ವೊ ವೈರಸ್ ಎಂಬ ನಾಯಿರೋಗ. ದ್ವೀಪಕ್ಕೆ ನಾಯಿ ತರಬಾರದೆಂಬ ನಿಯಮವನ್ನು ಮೀರಿ ಯಾರೋ ತಂದ ನಾಯಿಯಿಂದ ಅದು ಹಬ್ಬಿತೆಂದು ತಜ್ಞರ ಅಭಿಪ್ರಾಯ. ತಡೆಯುವವರಿಲ್ಲದೆ ಮೂಸ್‌ಗಳು ಹೆಚ್ಚುತ್ತ 1995ರಲ್ಲಿ ಸುಮಾರು 2,400 ಆದವು. ಮರುವರ್ಷದ ಕಡು ಚಳಿಯಲ್ಲಿ ಮೇವಿಲ್ಲದೆ, ಉಣ್ಣಿಗಳ ಕಾಟದಿಂದ ರಾಶಿರಾಶಿಯಾಗಿ ಸತ್ತು 500ರಷ್ಟು ಉಳಿದವು.

ರೋಗ ಹೋದ ಮೇಲೂ ತೋಳಗಳು ಹಿಂದಿನಂತೆ ಚೇತರಿಸಲಿಲ್ಲ. ಹೊರಗಿನ ಸಂಬಂಧವಿಲ್ಲದೆ ಒಂದೇ ರಕ್ತ ಮತ್ತೆ ಮತ್ತೆ ಕೂಡಿ ಸಂತತಿ ಕುಗ್ಗುತ್ತಿತ್ತು; ಸತ್ತ ತೋಳಗಳ ಬೆನ್ನೆಲುಬಿನಲ್ಲಿಯೇ ವಿಕಾರ ಕಾಣಿಸಿತು. 1997ರಲ್ಲಿ ಒಂದು ಗಂಡು ತೋಳ ಮಂಜುಗಡ್ಡೆ ದಾಟಿ ಬಂದು ಹಿಂಡಿಗೆ ಹೊಸ ಕಳೆ ತಂದಿತು. ಆದರೆ ಹತ್ತು ವರ್ಷ ತುಂಬುವುದರೊಳಗೆ ದ್ವೀಪದ ಎಲ್ಲ ತೋಳಗಳೂ ಅದರ ಬಂಧುಗಳೇ ಆಗಿದ್ದವು. ಒಂದು ಸಲದ ನೆರವು ಹೆಚ್ಚು ಕಾಲ ಬಾಳಲಿಲ್ಲ. 2012ರಲ್ಲಿ ಹಳೆಯ ಗಣಿಯ ನೀರು ತುಂಬಿದ ಗುಂಡಿಯಲ್ಲಿ ಮೂರು ತೋಳಗಳು ಸತ್ತು ತೇಲುತ್ತಿದ್ದುದು ಕಂಡಿತು. 2016ರಲ್ಲಿ ಉಳಿದವು ಎರಡೇ, ಒಂದು ಗಂಡು, ಒಂದು ಹೆಣ್ಣು. ಅವು ತಂದೆ ಮಗಳು.

ಆಗ ವಾದವೆದ್ದಿತು. ದ್ವೀಪದ ಬಹುಭಾಗ ಮನುಷ್ಯನ ಕೈಯಾಡದ ಅರಣ್ಯವೆಂದು ಕಾನೂನಿನಲ್ಲಿ ಘೋಷಿತವಾಗಿದೆ. ತೋಳ ತಾನಾಗಿ ಬಂತು, ತಾನಾಗಿ ಹೋಗಲಿ, ಪ್ರಕೃತಿ ತನ್ನ ದಾರಿ ನೋಡಿಕೊಳ್ಳಲಿ ಎಂದರು ಒಂದು ಪಕ್ಷದವರು. ಈ ಮಾತಿಗೆ ತೂಕವಿಲ್ಲದಿಲ್ಲ. ಆದರೆ ಮೇಲಿನ ಚರಿತ್ರೆಯನ್ನು ಮತ್ತೊಮ್ಮೆ ನೋಡಿದರೆ ತೋಳಕ್ಕೆ ಬಿದ್ದ ಪೆಟ್ಟುಗಳಲ್ಲಿ ಮನುಷ್ಯನ ಕೈ ಕಾಣದಿರುವುದಿಲ್ಲ. ರೋಗ ತಂದದ್ದು ಮನುಷ್ಯನ ನಾಯಿ. ಗುಂಡಿ ತೋಡಿದ್ದು ಮನುಷ್ಯ. ಇನ್ನು ಮಂಜುಗಡ್ಡೆಯ ವಿಚಾರ: 1960ರ ದಶಕದಲ್ಲಿ ಹೆಚ್ಚಿನ ಚಳಿಗಾಲಗಳಲ್ಲಿ ಕಟ್ಟುತ್ತಿದ್ದ ಹಿಮದ ಹಾದಿ ಈಗ ಅಪರೂಪವಾಗಿದೆ. ಭೂಮಿಯ ತಾಪ ಏರಿಸಿದವರೂ ನಾವೇ. ಹೊಸ ರಕ್ತ ಬರುವ ಬಾಗಿಲನ್ನು ಮುಚ್ಚಿ, ಒಳಗಿದ್ದವರು ತಾವಾಗಿ ಸಾಯಲಿ ಎನ್ನುವುದನ್ನು ಪ್ರಕೃತಿಯ ನ್ಯಾಯವೆಂದು ಕರೆಯಲಾಗದು.

2018ರ ಜೂನಿನಲ್ಲಿ ಉದ್ಯಾನ ಇಲಾಖೆ ತೋಳಗಳನ್ನು ತರುವ ತೀರ್ಮಾನ ಮಾಡಿತು. ಆ ವರ್ಷದ ಸೆಪ್ಟೆಂಬರಿನಿಂದ ಮರುವರ್ಷದ ಸೆಪ್ಟೆಂಬರಿನ ತನಕ ಮಿನೆಸೋಟ, ಕೆನಡಾದ ಒಂಟಾರಿಯೊ, ಮಿಷಿಗನ್‌ಗಳಿಂದ ಒಟ್ಟು 19 ತೋಳಗಳನ್ನು ತಂದು ಬಿಟ್ಟರು. ಮೊದಲ ತೋಳಗಳು ಬಂದದ್ದು ಗ್ರ್ಯಾಂಡ್ ಪೋರ್ಟೇಜ್‌ನ ಓಜಿಬ್ವೆ ಜನರ ನೆಲದಿಂದ, ಅವರ ಸಹಕಾರದಿಂದ. ಎಲ್ಲವೂ ಉಳಿಯಲಿಲ್ಲ, ಕೆಲವು ಸತ್ತವು. ಒಂದು ಹೆಣ್ಣಂತೂ, 2019ರ ಜನವರಿಯ ಕೊನೆಗೆ ಮಂಜುಗಡ್ಡೆ ಕಟ್ಟಿದ್ದೇ ತಡ, ಸರೋವರ ದಾಟಿ ತನ್ನ ದಡಕ್ಕೆ ನಡೆದು ಹೋಯಿತು. ಉಳಿದವು ಮರಿಹಾಕಿದವು. 2019ರಲ್ಲಿ ಎರಡು ಸಾವಿರ ದಾಟಿದ್ದ ಮೂಸ್‌ಗಳು, ತೋಳದ ಬೇಟೆ ಮತ್ತು ಮೇವಿನ ಕೊರತೆ ಸೇರಿ, 2024ರ ಎಣಿಕೆಯಲ್ಲಿ ಸುಮಾರು 840ಕ್ಕೆ ಇಳಿದಿದ್ದವು. ತೋಳಗಳು 30 ಇದ್ದವು.

ಈ ಚರಿತ್ರೆ ಮುಗಿಯಿತೆನ್ನುವಂತಿಲ್ಲ. ತಂದ ತೋಳಗಳ ಮಕ್ಕಳು ಮೊಮ್ಮಕ್ಕಳೂ ಒಂದು ದಿನ ಪರಸ್ಪರ ಬಂಧುಗಳಾಗುತ್ತಾರೆ. ಆಗ ಸರೋವರ ಹೆಪ್ಪುಗಟ್ಟದಿದ್ದರೆ ಮತ್ತೆ ಮನುಷ್ಯನೇ ದೋಣಿಯಲ್ಲೋ ವಿಮಾನದಲ್ಲೋ ತೋಳಗಳನ್ನು ತರಬೇಕು. ಮುನ್ನೂರು ವರ್ಷ ತೋಳದ ತಲೆಗೆ ಬೆಲೆ ಕಟ್ಟಿದ ದೇಶಕ್ಕೆ ತೋಳವನ್ನು ಸಾಕುವ ಹೊಣೆ ಬಂದಿದೆ. ಆ ಹೊಣೆಯನ್ನು ಅದು ಮರೆತರೆ, ಮೊದಲು ತಿಳಿಯುವುದು ಫರ್ ಮರದ ಬಳೆಗಳಿಗೆ.