ಕಾಲ್ಚೆಂಡಾಟದ ಹಳೆಯ ಚಿತ್ರಸುರುಳಿಗಳು: ಆಕರವಾಗಿ ಒಂದು ವಿವೇಚನೆ

ಶಾಸನವೊಂದನ್ನು ಓದುವಾಗ ಅದನ್ನು ಬರೆಯಿಸಿದವರು ಯಾರು, ಯಾವ ಉದ್ದೇಶದಿಂದ ಬರೆಯಿಸಿದರು ಎಂಬುದನ್ನು ಮೊದಲು ವಿಚಾರಿಸುವುದು ನಮ್ಮಲ್ಲಿ ರೂಢಿಯಾಗಿದೆ. ಚಲಚ್ಚಿತ್ರದ ವಿಷಯದಲ್ಲಿ ಮಾತ್ರ ಈ ಎಚ್ಚರವು ಸಡಿಲವಾಗುತ್ತದೆ. ಕಣ್ಣಿಗೆ ಕಂಡುದಕ್ಕೆ ಬೇರೆ ಪ್ರಮಾಣವೇಕೆಂದು ಸುಮ್ಮನಾಗುತ್ತೇವೆ. ಇಂಗ್ಲೆಂಡಿನ ಮ್ಯಾಂಚೆಸ್ಟರ್ ಯುನೈಟೆಡ್ ಎಂಬ ಕಾಲ್ಚೆಂಡು ಸಂಘದ ಹಳೆಯ ಚಿತ್ರಗಳನ್ನು ಸಾಕ್ಷ್ಯಚಿತ್ರಗಳಲ್ಲಿಯೂ ಕ್ರೀಡಾಪ್ರಸಾರಗಳಲ್ಲಿಯೂ ನೋಡುವಾಗ ಈ ಸಡಿಲಿಕೆಯ ನಷ್ಟವು ಚೆನ್ನಾಗಿ ಮನಗಾಣುತ್ತದೆ.

ಈ ಸಂಘದ ಆಟವನ್ನು ತೋರುವ, ಇದುವರೆಗೆ ತಿಳಿದುಬಂದಿರುವ ಚಿತ್ರಗಳಲ್ಲಿ ಅತ್ಯಂತ ಹಳೆಯದು 1902ನೆಯ ಡಿಸೆಂಬರ್ 6ರಂದು ಬರ್ನ್ಲಿ ಪಟ್ಟಣದ ಟರ್ಫ್ ಮೂರ್ ಮೈದಾನದಲ್ಲಿ ತೆಗೆದುದು. ತೆಗೆದವರು ಬ್ಲ್ಯಾಕ್‌ಬರ್ನಿನ ಸೇಗರ್ ಮಿಚೆಲ್ ಮತ್ತು ಜೇಮ್ಸ್ ಕೆನ್ಯನ್ ಎಂಬ ಪಾಲುದಾರ ವ್ಯಾಪಾರಿಗಳ ಸಂಸ್ಥೆಯವರು. ಇವರಿಗೆ ಆಟಕ್ಕಿಂತ ನೋಟಕರೇ ಮುಖ್ಯವಾಗಿದ್ದರು. ಜಾತ್ರೆಗಳಲ್ಲಿ ಚಿತ್ರ ತೋರಿಸುವವರು ಇಂತಹ ಸುರುಳಿಗಳನ್ನು ತೆಗೆಯಿಸುತ್ತಿದ್ದರು. ಗಿರಣಿಯಿಂದ ಹೊರಬರುವ ಕೆಲಸಗಾರನು ತನ್ನ ಮುಖವನ್ನೇ ತೆರೆಯ ಮೇಲೆ ಕಾಣಲು ಕಾಸು ಕೊಟ್ಟು ಬರುತ್ತಿದ್ದನು. ಆದಕಾರಣ ಇವರ ಕಾಲ್ಚೆಂಡಾಟದ ಚಿತ್ರಗಳಲ್ಲಿಯೂ ಕ್ಯಾಮೆರಾವು ಚೆಂಡನ್ನು ಬಿಟ್ಟು ಜನಸಂದಣಿಯ ಟೋಪಿಗಳ ಸಾಲಿನತ್ತ ತಿರುಗುವುದುಂಟು. ನಾವು ದೋಷವೆಂದು ಎಣಿಸುವ ಈ ತಿರುವೇ ಅಂದಿನ ಬಂಡವಾಳವಾಗಿದ್ದಿತು.

ಇನ್ನು ಸಂಘದ ಅಂದಿನ ಸ್ಥಿತಿ. ನ್ಯೂಟನ್ ಹೀತ್ ಎಂಬ ಹೆಸರಿನಲ್ಲಿ ಸಾಲದಲ್ಲಿ ಮುಳುಗಿದ್ದ ಇದನ್ನು ಜಾನ್ ಹೆನ್ರಿ ಡೇವಿಸ್ ಎಂಬ ಮದ್ಯೋದ್ಯಮಿಯು ಉಳಿಸಿದುದು ಅದೇ 1902ರಲ್ಲಿ. ಹೊಸ ಹೆಸರು ಬಂದುದೂ ಆಗಲೇ. ಚಿತ್ರದಲ್ಲಿ ಓಡಾಡುವವರು ಎರಡನೆಯ ದರ್ಜೆಯ ತಂಡವೊಂದರ ಆಟಗಾರರು, ಪರವೂರಿನ ಅತಿಥಿಗಳು. ಈ ಸುರುಳಿಯನ್ನು ಮಹಾಸಂಘವೊಂದರ ಉದಯವೆಂದು ತೋರಿಸಿದರೆ, ಮುಂದೆ ಬಂದ ಕೀರ್ತಿಯನ್ನು ಹಿಂದಕ್ಕೆ ಹೊರಿಸಿದಂತಾಗುತ್ತದೆ.

ಇದು ಸಂಘದ ಭಂಡಾರದಲ್ಲಿ ಉಳಿದು ಬಂದುದೂ ಅಲ್ಲ. 1994ರಲ್ಲಿ ಬ್ಲ್ಯಾಕ್‌ಬರ್ನಿನ ಅಂಗಡಿಯೊಂದರ ನೆಲಮಾಳಿಗೆಯಲ್ಲಿ, ಲೋಹದ ಪೀಪಾಯಿಗಳಲ್ಲಿ, ಸುಮಾರು 800 ನೈಟ್ರೇಟ್ ಸುರುಳಿಗಳು ದೊರೆತುವು. 2000ದಲ್ಲಿ ಅವು ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟನ್ನು ಸೇರಿದುವು. 2005ರಲ್ಲಿ ಬಿಬಿಸಿಯ ಸರಣಿಯೊಂದು ಅವನ್ನು ಮನೆಮನೆಗೆ ಮುಟ್ಟಿಸಿತು. ಕೈಯಿಂದ ತಿರುಗಿಸಿ ತೆಗೆದ ಇಂತಹ ಚಿತ್ರವನ್ನು ಇಂದಿನ ವೇಗದಲ್ಲಿ ಓಡಿಸಿದರೆ ಆಟಗಾರರು ಗೊಂಬೆಗಳಂತೆ ಕುಪ್ಪಳಿಸುತ್ತಾರೆ. ಅದನ್ನು ನೋಡಿ ಹಿಂದಿನವರಿಗೆ ಆಟವೇ ಬರುತ್ತಿರಲಿಲ್ಲವೆಂದು ನಗುವವರುಂಟು. ಮೂಕಚಿತ್ರಕ್ಕೆ ಮೇಲಿನಿಂದ ಹೊದಿಸುವ ಜನಘೋಷದ ಮಾತನ್ನು ಇಲ್ಲಿ ಬೆಳೆಸುವುದಿಲ್ಲ.

ನೋಟವನ್ನು ಮುಂದಿನ ಘಟನೆಯು ಹೇಗೆ ಬದಲಿಸುತ್ತದೆಂಬುದಕ್ಕೆ ಇನ್ನೂ ಬಲವಾದ ನಿದರ್ಶನವು 1958ನೆಯ ಫೆಬ್ರವರಿ 5ರ ಬೆಲ್‌ಗ್ರೇಡಿನ ಪಂದ್ಯ. ಮರುದಿನ ಮ್ಯೂನಿಕ್ಕಿನಲ್ಲಿ ವಿಮಾನವು ಅಪಘಾತಕ್ಕೀಡಾಗಿ 23 ಮಂದಿ ಮೃತರಾದರು. ಅವರಲ್ಲಿ 8 ಮಂದಿ ಈ ಸಂಘದ ಆಟಗಾರರು. ಸಾಕ್ಷ್ಯಚಿತ್ರಗಳಲ್ಲಿ ಆ ಪಂದ್ಯದ ತುಣುಕು ಬಂದೊಡನೆ ಶೋಕವಾದ್ಯವೂ ಹಿಮ ಕವಿದ ಓಡುದಾರಿಯೂ ಬರುತ್ತವೆ. ಮೈದಾನದಲ್ಲಿರುವವರೆಲ್ಲರೂ ಮೃತ್ಯುಮುಖಿಗಳೆಂಬ ಭಾವನೆಯು ನೋಡುವವನಲ್ಲಿ ಮೂಡುತ್ತದೆ. ವಾಸ್ತವವಾಗಿ ಅಂದು ಆಡಿದ 11 ಮಂದಿಯಲ್ಲಿ ಬರ್ನ್, ಕೋಲ್ಮನ್, ಜೋನ್ಸ್, ಎಡ್ವರ್ಡ್ಸ್, ಟೇಲರ್ ಎಂಬ ಐವರು ತೀರಿಕೊಂಡರು. ಆರು ಮಂದಿ ಉಳಿದರು. ಮಡಿದ ಬೆಂಟ್, ಪೆಗ್, ವೀಲನ್ ಎಂಬ ಮೂವರು ಆ ಪಂದ್ಯದಲ್ಲಿ ಆಡಿಯೇ ಇರಲಿಲ್ಲ. ಆದುದರಿಂದ ಆ ಆಟದ ತುಣುಕಿನಲ್ಲಿ ಅವರು ಕಾಣಬರುವುದಿಲ್ಲ.

ಪಂದ್ಯಕ್ಕೆ ತನ್ನದೇ ಆದ ಕಥೆಯಿದ್ದಿತು. ಮೊದಲ ಪಂದ್ಯವನ್ನು 2-1ರಿಂದ ಗೆದ್ದು ಬಂದ ಯುನೈಟೆಡ್ ತಂಡವು ಅರ್ಧ ಆಟದ ಹೊತ್ತಿಗೆ 3-0 ಮುಂದಿದ್ದಿತು. ಅನಂತರ ರೆಡ್ ಸ್ಟಾರ್ ತಂಡದವರು ಒಂದೊಂದಾಗಿ ಮೂರು ಗೋಲುಗಳನ್ನು ಹೊಡೆದು ಸಮ ಮಾಡಿದರು. ಇನ್ನೊಂದು ಗೋಲು ಬಿದ್ದಿದ್ದರೆ ಎರಡು ಪಂದ್ಯಗಳ ಒಟ್ಟು ಲೆಕ್ಕವೂ ಸಮನಾಗುತ್ತಿದ್ದಿತು. ಆ ಕಡೆಯ ನಿಮಿಷಗಳಲ್ಲಿ ಆಟಗಾರರ ಮುಖದಲ್ಲಿ ಕಾಣುವ ಆತಂಕವು ಆ ನಾಲ್ಕನೆಯ ಗೋಲನ್ನು ಕುರಿತದ್ದು.