ಗೋವಿಂದ ನಿಹಲಾನಿ

ಗೋವಿಂದ ನಿಹಲಾನಿ (ಜನನ 1940) ಭಾರತದ ಹೊಸ ಅಲೆಯ ಸಿನಿಮಾದ ಛಾಯಾಗ್ರಾಹಕ, ನಿರ್ದೇಶಕ. ಕರಾಚಿಯಲ್ಲಿ ಹುಟ್ಟಿದರು. ದೇಶವಿಭಜನೆಯಾದಾಗ ಕುಟುಂಬ ನೆಲೆ ಕಳೆದುಕೊಂಡು ರಾಜಸ್ಥಾನದ ಉದಯಪುರ ಸೇರಿತು.

ಅವರು ಕ್ಯಾಮೆರಾ ವಿದ್ಯೆ ಕಲಿತದ್ದು ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ. 1962ರಲ್ಲಿ ಡಿಪ್ಲೊಮಾ ಪಡೆದು, ಮುಂಬೈಯಲ್ಲಿ ಅದೇ ಸಂಸ್ಥೆಯ ಹಳೆಯ ವಿದ್ಯಾರ್ಥಿ, ಮೈಸೂರಿನ ವಿ. ಕೆ. ಮೂರ್ತಿಯವರ ಸಹಾಯಕರಾದರು. ಗುರುದತ್ತರ ‘ಕಾಗಜ್ ಕೆ ಫೂಲ್’ (1959) ಚಿತ್ರದಲ್ಲಿ ಸ್ಟುಡಿಯೋದ ಕತ್ತಲಿಗೆ ಬೆಳಕಿನ ಕೋಲು ಇಳಿಸಿದ್ದ ಮೂರ್ತಿಯವರ ಬಳಿ ಪಳಗಿದ್ದು ಅವರ ಮುಂದಿನ ಕೆಲಸಕ್ಕೆಲ್ಲ ತಳಹದಿಯಾಯಿತು.

ಸತ್ಯದೇವ ದುಬೆಯವರ ‘ಶಾಂತತಾ! ಕೋರ್ಟ್ ಚಾಲೂ ಆಹೆ’ (1971), ಗಿರೀಶ ಕಾರ್ನಾಡರ ಕನ್ನಡ ಚಿತ್ರ ‘ಕಾಡು’ (1973) ಅವರ ಛಾಯಾಗ್ರಹಣದ ಆರಂಭದ ಕೃತಿಗಳು. ‘ಅಂಕುರ್’ (1974) ಚಿತ್ರದಿಂದ ಶ್ಯಾಮ್ ಬೆನೆಗಲ್ ಜೊತೆಗಿನ ನಂಟು ಶುರುವಾಯಿತು. ‘ನಿಶಾಂತ್’, ‘ಮಂಥನ್’, ‘ಭೂಮಿಕಾ’ ಆ ನಂಟಿನ ಫಲ. ‘ಜುನೂನ್’ (1978) ಛಾಯಾಗ್ರಹಣಕ್ಕೆ ರಾಷ್ಟ್ರಪ್ರಶಸ್ತಿ ತಂದಿತು.

ವಿಜಯ ತೆಂಡೂಲ್ಕರ್ ಚಿತ್ರಕಥೆಯ ‘ಆಕ್ರೋಶ್’ (1980) ಮೂಲಕ ನಿರ್ದೇಶಕರಾದರು, ಕ್ಯಾಮೆರಾವೂ ಅವರದೇ. ಹೆಂಡತಿಯನ್ನು ಕೊಂದ ಸುಳ್ಳು ಆರೋಪ ಹೊತ್ತ ಆದಿವಾಸಿ ಲಹಾನ್ಯಾ ತನ್ನ ವಕೀಲನೊಡನೆಯೂ ತುಟಿ ಬಿಚ್ಚುವುದಿಲ್ಲ. ಲಹಾನ್ಯಾ ಆಗಿ ನಟಿಸಿದ ಓಂ ಪುರಿಯವರ ಮುಖವನ್ನು, ಉರಿಯುವ ಕಣ್ಣುಗಳನ್ನು ಬೆಳಕಿನಲ್ಲಿಟ್ಟು ಕ್ಯಾಮೆರಾ ಸುಮ್ಮನೆ ಕಾಯುತ್ತದೆ. ಕೊನೆಗೆ ತಂದೆಯ ಚಿತೆಯ ಮುಂದೆ ಅವನು ಕೊಡಲಿ ಎತ್ತಿ, ಹೆಂಡತಿಗೆ ಬಂದ ಗತಿ ತಂಗಿಗೆ ಬಾರದಿರಲೆಂದು ಅವಳನ್ನೇ ಕಡಿದು, ಆಕಾಶಕ್ಕೆ ಮುಖವೆತ್ತಿ ಚೀರುತ್ತಾನೆ. ಅಷ್ಟು ಹೊತ್ತಿನ ಮೌನವೇ ಆ ಚೀರಿಗೆ ಬಲ ಕೊಟ್ಟಿತು. ಪೊಲೀಸ್ ವ್ಯವಸ್ಥೆಯ ಒಳಗಿನ ಕೊಳೆಯನ್ನು ತೋರಿದ ‘ಅರ್ಧ ಸತ್ಯ’ (1983) ಚಿತ್ರ ಓಂ ಪುರಿಯವರಿಗೆ ಶ್ರೇಷ್ಠ ನಟ ರಾಷ್ಟ್ರಪ್ರಶಸ್ತಿ ತಂದುಕೊಟ್ಟಿತು.

ಭೀಷ್ಮ ಸಾಹನಿಯವರ ಕಾದಂಬರಿ ಆಧರಿಸಿದ ‘ತಮಸ್’ 1988ರಲ್ಲಿ ದೂರದರ್ಶನದಲ್ಲಿ ಪ್ರಸಾರವಾಯಿತು. ಬಾಲ್ಯದಲ್ಲಿ ತಮ್ಮ ಮನೆಯನ್ನೇ ಕಿತ್ತ ವಿಭಜನೆಯ ಕಥೆಗೆ ನಿಹಲಾನಿ ಕ್ಯಾಮೆರಾಕ್ಕೆ ಕರೆದದ್ದು ಗುರು ಮೂರ್ತಿಯವರನ್ನು. ಮಂದ ಬೆಳಕಿನ ಕೋಣೆಯಲ್ಲಿ ಬಡ ನತ್ಥೂ ಹಂದಿ ಕೊಲ್ಲಲು ಒದ್ದಾಡುವ ದೃಶ್ಯದಿಂದ ಕಥೆ ತೊಡಗುತ್ತದೆ. ಆ ಹಂದಿಯಿಂದ ತಾನು ಹಚ್ಚುತ್ತಿರುವ ಕೋಮುಗಲಭೆಯ ಬೆಂಕಿ ಅವನಿಗೇ ಗೊತ್ತಿಲ್ಲ. ಪ್ರಸಾರ ತಡೆಯಬೇಕೆಂಬ ಅರ್ಜಿಗಳನ್ನು ಬಾಂಬೆ ಹೈಕೋರ್ಟ್, ಸುಪ್ರೀಂ ಕೋರ್ಟ್ ಎರಡೂ ತಳ್ಳಿಹಾಕಿದವು.

‘ದ್ರೋಹಕಾಲ್’ (1994), ಮಹಾಶ್ವೇತಾ ದೇವಿಯವರ ಕಾದಂಬರಿ ಆಧರಿಸಿದ ‘ಹಜಾರ್ ಚೌರಾಸಿ ಕೀ ಮಾ’ (1998) ನಂತರದ ಮುಖ್ಯ ಚಿತ್ರಗಳು. 2002ರಲ್ಲಿ ಪದ್ಮಶ್ರೀ ಸಂದಿತು. 2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಪಡೆದು, ಆ ಗೌರವಕ್ಕೆ ಪಾತ್ರರಾದ ಮೊದಲ ಛಾಯಾಗ್ರಾಹಕರೆನಿಸಿದವರು ಮೂರ್ತಿ. ಅವರು ಬಣ್ಣದ ಲೋಕದ ಸ್ಟುಡಿಯೋಗಳಲ್ಲಿ ಒಲಿಸಿಕೊಂಡ ಬೆಳಕನ್ನು ಶಿಷ್ಯ ಬಾಯಿ ಸತ್ತವರ ಮುಖಗಳತ್ತ ತಿರುಗಿಸಿದರು.