ಕೂಸು, ಕುನ್ನಿ ಮತ್ತು ನಮ್ಮ ನೆನಪು

ಒಬ್ಬನನ್ನು ಹಳಿಯಬೇಕೆಂದರೆ ನಮ್ಮ ನಾಲಗೆಗೆ ಮೊದಲು ಬರುವ ಪ್ರಾಣಿಯ ಹೆಸರು ನಾಯಿ. ಬಾಳು ಕೆಟ್ಟರೆ ಅದು ನಾಯಿಪಾಡು. ಸ್ವಭಾವ ತಿದ್ದಲಾರದ್ದಾದರೆ ಅದು ನಾಯಿಬಾಲ. ಆದರೆ ಹುಬ್ಬಳ್ಳಿ-ಧಾರವಾಡದ ಯಾವುದೇ ಓಣಿಯಲ್ಲಿ ಸಂಜೆ ನಿಂತು ನೋಡಿರಿ: ರೊಟ್ಟಿ ಮುರಿದು ಅರ್ಧ ತಾನು ತಿಂದು ಅರ್ಧ ಕುನ್ನಿಗೆ ಕೊಡುವ ಕೂಸೊಂದು ಕಣ್ಣಿಗೆ ಬೀಳದಿರದು. ಆ ಕೂಸು ಬೈಗುಳವನ್ನಿನ್ನೂ ಕಲಿತಿಲ್ಲ. ಮಗು ಮತ್ತು ನಾಯಿಯ ಚಿತ್ರಕಥೆಗಳು ಹುಟ್ಟುವುದು ಇಲ್ಲಿಯೇ.

ಇಂಥ ಚಿತ್ರಗಳಲ್ಲಿ ಜಗತ್ಪ್ರಸಿದ್ಧವಾದುದು 1943ರ ‘ಲ್ಯಾಸ್ಸಿ ಕಮ್ ಹೋಮ್’. ಎರಿಕ್ ನೈಟ್ 1940ರಲ್ಲಿ ಪ್ರಕಟಿಸಿದ ಕಾದಂಬರಿ ಅದಕ್ಕೆ ಆಧಾರ. ಯಾರ್ಕ್‌ಶೈರಿನ ಬಡ ಕುಟುಂಬವೊಂದು ಕೈಬರಿದಾಗಿ, ಮಗನ ಮೆಚ್ಚಿನ ನಾಯಿಯನ್ನು ಶ್ರೀಮಂತನೊಬ್ಬನಿಗೆ ಮಾರುತ್ತದೆ. ದೂರದ ಸ್ಕಾಟ್ಲೆಂಡಿನಿಂದ ನಡೆದು ನಡೆದು, ಆ ನಾಯಿ ಮತ್ತೆ ಹುಡುಗನ ಶಾಲೆಯ ಬಾಗಿಲಿಗೆ ಬಂದು ನಿಲ್ಲುತ್ತದೆ. ದೊಡ್ಡವರು ಬಡತನದಿಂದ ಮಾಡಿದ ವ್ಯಾಪಾರವನ್ನು ನಾಯಿ ಒಪ್ಪಲಿಲ್ಲ, ಅಷ್ಟೆ.

ಇದು ಪರದೇಶದ ಭಾವುಕತೆ, ನಮ್ಮ ಮಣ್ಣಿನದಲ್ಲ ಎನ್ನುವವರುಂಟು. ಅವರು ಮಹಾಪ್ರಸ್ಥಾನವನ್ನು ನೆನೆಯಬೇಕು. ಹೆಂಡತಿ, ತಮ್ಮಂದಿರು ಎಲ್ಲರೂ ದಾರಿಯಲ್ಲಿ ಬಿದ್ದಮೇಲೆ ಧರ್ಮರಾಯನ ಹಿಂದೆ ಉಳಿದುದು ಒಂದು ನಾಯಿ. ಅದನ್ನು ಬಿಟ್ಟು ಸ್ವರ್ಗದ ರಥವನ್ನೇರಲು ಅವನು ಒಪ್ಪಲಿಲ್ಲ. ಹುಬ್ಬಳ್ಳಿಗೆ ಸಮೀಪದ ಕೋಳಿವಾಡದ ಕುಮಾರವ್ಯಾಸ ಹತ್ತು ಪರ್ವಗಳಿಗೇ ನಿಲ್ಲಿಸಿದ್ದರಿಂದ ಈ ಪ್ರಸಂಗ ಅವನ ವಾಣಿಯಲ್ಲಿ ನಮಗೆ ದೊರೆಯಲಿಲ್ಲ. ಕೃಷ್ಣದೇವರಾಯನ ಕಾಲದ ತಿಮ್ಮಣ್ಣಕವಿ ಉಳಿದ ಪರ್ವಗಳನ್ನು ಹಾಡಿದನು.

ಕಾವ್ಯವಾಯಿತು, ಇತಿಹಾಸಕ್ಕೆ ಬರೋಣ. 949ರ ತಕ್ಕೋಲದ ಕಾಳಗದಲ್ಲಿ ಪರಾಕ್ರಮ ಮೆರೆದ ಮಣಲೆರನಿಗೆ ಗಂಗರ ಬೂತುಗನು ಬೇಕಾದುದನ್ನು ಬೇಡೆಂದನು. ಅವನು ಬೇಡಿದುದು ಕಾಳಿ ಎಂಬ ನಾಯಿಯನ್ನು. ಮುಂದೆ ಆ ಕಾಳಿ ಹಂದಿಯೊಡನೆ ಹೋರಾಡಿ, ಎರಡೂ ಮಡಿದವು. ಮಂಡ್ಯ ಜಿಲ್ಲೆಯ ಆತಕೂರಿನಲ್ಲಿ ಆ ನಾಯಿಗಾಗಿ ಕಲ್ಲು ನಿಂತಿತು, ಭೂಮಿ ದತ್ತಿಯಾಯಿತು. ಆ ಕಲ್ಲು ಇಂದು ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ. ನಮ್ಮ ಸೀಮೆಯ ಮೈಲಾರಲಿಂಗನ ಗೊರವರಂತೂ ದೇವರ ಮುಂದೆ ತಾವೇ ನಾಯಿಗಳಾಗಿ ಬೊಗಳಿ ದೋಣಿಯ ಪ್ರಸಾದ ಉಣ್ಣುತ್ತಾರೆ. ಬೈಗುಳವಾದ ಹೆಸರೇ ಅಲ್ಲಿ ಭಕ್ತಿಯಾಗಿದೆ.

ಈ ನೆನಪಿನ ಸಾಲಿನಲ್ಲಿಯೇ 2022ರ ಜೂನ್ 10ರಂದು ತೆರೆಕಂಡ ‘777 ಚಾರ್ಲಿ’ಯನ್ನು ನೋಡಬೇಕು. ಕಾಸರಗೋಡಿನ ಕಿರಣರಾಜ್ ನಿರ್ದೇಶಿಸಿದ ಈ ಚಿತ್ರದ ನಾಯಕನ ಹೆಸರು ಧರ್ಮ. ಎಳವೆಯಲ್ಲಿಯೇ ಮನೆಮಂದಿಯನ್ನು ಕಳೆದುಕೊಂಡು ಜನರಿಂದ ದೂರವಾದವನು. ಆ ಒಂಟಿ ಮನುಷ್ಯನಿಗೂ ಅವನ ನಾಯಿಗೂ ಜೊತೆಯಾಗುವವಳು ನೆರೆಯ ಬಾಲೆ ಅದ್ರಿಕಾ. ಕೊನೆಗೆ ರೋಗಪೀಡಿತ ನಾಯಿಗೆ ಹಿಮ ತೋರಿಸಲು ಧರ್ಮ ಹಿಮಾಲಯದತ್ತ ಹೊರಡುತ್ತಾನೆ. ಹಳೆಯ ಕಥೆಯಲ್ಲಿ ನಾಯಿ ಧರ್ಮನ ಹಿಂದೆ ನಡೆಯಿತು. ಇಲ್ಲಿ ಧರ್ಮನೇ ನಾಯಿಗಾಗಿ ನಡೆಯುತ್ತಾನೆ. ಚಿತ್ರಕ್ಕೆ ಕನ್ನಡದ ಶ್ರೇಷ್ಠ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಬಂದಿತು.

ಹುಬ್ಬಳ್ಳಿಯಲ್ಲಿ ಹುಟ್ಟಿದ, ಅಂದಿನ ಮುಖ್ಯಮಂತ್ರಿ ಬಸವರಾಜ ಬೊಮ್ಮಾಯಿಯವರು ಈ ಚಿತ್ರ ನೋಡಿ, ತೀರಿಹೋದ ತಮ್ಮ ನಾಯಿಯನ್ನು ನೆನೆದು ಕಣ್ಣೀರಿಟ್ಟರು. ಮುಂದೆ ಸರ್ಕಾರ ಚಿತ್ರಕ್ಕೆ ರಾಜ್ಯದ ತೆರಿಗೆ ವಿನಾಯಿತಿಯನ್ನೂ ಕೊಟ್ಟಿತು.

ಆದರೆ ಕಣ್ಣೀರು ಅಗ್ಗವಾದುದು. ಚಿತ್ರದ ನಾಯಿಗೆ ರೋಗ ತಂದುದು ದುಡ್ಡಿನಾಸೆಗೆ ಒಂದೇ ರಕ್ತದ ನಾಯಿಗಳನ್ನು ಕೂಡಿಸಿ ಮರಿ ಮಾರುವವರ ಕ್ರೌರ್ಯ. ಅಂಥ ಮರಿಯನ್ನು ಅಂದಕ್ಕಾಗಿ ಕೊಳ್ಳುವವರು ನಾವೇ. ಬೀದಿಯ ಕುನ್ನಿಗೆ ಕಲ್ಲೆಸೆಯುವವರೂ ನಾವೇ. ಸತ್ತ ನಾಯಿಗೆ ಕಲ್ಲು ನಿಲ್ಲಿಸಿದ ನಾಡು ಬದುಕಿರುವ ನಾಯಿಗೆ ಕಲ್ಲು ಬೀರುವುದು ಯಾವ ನ್ಯಾಯ? ಉತ್ತರ ಆ ಓಣಿಯ ಕೂಸಿಗೆ ಗೊತ್ತಿದೆ. ಅದರ ಕೈಯಲ್ಲಿರುವುದು ಇನ್ನೂ ರೊಟ್ಟಿ; ಕಲ್ಲನ್ನು ಕೊಡುವವರು ನಾವಾಗದಿದ್ದರೆ ಸಾಕು.